ಬಟ್ಟಲಿಗಿಂತ ಮೊದಲು ಮಣ್ಣು

ಇಟಲಿಯ ಫ್ಲಾರೆನ್ಸ್‌ಗೆ ಹೋದವರ ದಿನಗಳು ಬಹುಮಟ್ಟಿಗೆ ಗೋಡೆಗಳ ಒಳಗೇ ಕಳೆಯುತ್ತವೆ. ಉಫೀಜಿಯ ಚಿತ್ರಗಳು, ಅಕಾಡೆಮಿಯಾ ಸಂಗ್ರಹಾಲಯದ ಡೇವಿಡ್, ಬ್ರುನೆಲ್ಲೆಸ್ಕಿ ಕಟ್ಟಿದ ಗುಮ್ಮಟ ಇವನ್ನೆಲ್ಲ ನೋಡಿ ಮುಗಿಸುವಷ್ಟರಲ್ಲಿ ಕಾಲು ಸೋತು ಕಣ್ಣು ದಣಿದಿರುತ್ತವೆ. ಅದೇ ನಗರದಿಂದ ದಿನಕ್ಕೆರಡು ಹೊತ್ತು ಸಣ್ಣ ವ್ಯಾನುಗಳು ದಕ್ಷಿಣದ ಬೆಟ್ಟಗಳತ್ತ ಹೊರಡುತ್ತವೆ. ಬೆಳಿಗ್ಗೆ ಹೊರಟದ್ದು ಮಧ್ಯಾಹ್ನದ ಹೊತ್ತಿಗೆ, ಮಧ್ಯಾಹ್ನ ಹೊರಟದ್ದು ಸಂಜೆಯ ಹೊತ್ತಿಗೆ ಮರಳುತ್ತದೆ. ನಾಲ್ಕೈದು ತಾಸು, ಒಬ್ಬ ಮಾರ್ಗದರ್ಶಿ, ಎಂಟು ಹತ್ತು ಜನ ಸಹಯಾತ್ರಿಗಳು, ಒಂದೆರಡು ಹಳ್ಳಿ, ವೈನ್ ತಯಾರಿಸುವ ಒಂದೆರಡು ತೋಟದ ಮನೆ. ಕಿಯಾಂಟಿ ಸೀಮೆಯ ಅರ್ಧ ದಿನದ ವೈನ್ ಪ್ರವಾಸದ ಚೌಕಟ್ಟು ಇಷ್ಟೆ.

ಆ ಚೌಕಟ್ಟಿನೊಳಗೆ ತುಂಬಿರುವುದು ಮಾತ್ರ ಬಹಳ. ಕೊನೆಗೆ ಕೈಗೆ ಬರುವ ಬಟ್ಟಲಿನಲ್ಲಿ ಬೆಟ್ಟದ ಕಲ್ಲಿದೆ, ಎರಡು ನಗರಗಳ ಶತಮಾನಗಳ ಜಗಳವಿದೆ, ಒಬ್ಬ ದೊರೆಯ ಆಜ್ಞೆಯಿದೆ, ಬೆಳೆದದ್ದರಲ್ಲಿ ಅರ್ಧವನ್ನು ಒಡೆಯನಿಗೆ ಅಳೆದುಕೊಟ್ಟ ರೈತ ಕುಟುಂಬಗಳ ಬೆವರಿದೆ. ಇದನ್ನು ಒಂದಿಷ್ಟು ತಿಳಿದು ಹೋದವರಿಗೆ ಅರ್ಧ ದಿನವೇ ದೊಡ್ಡದು. ತಿಳಿಯದೆ ಹೋದವರಿಗೆ ಮರುದಿನ ಬಾಟಲಿಯ ಹೆಸರೂ ನೆನಪಿರುವುದಿಲ್ಲ. ಈ ಪ್ರವಾಸದ ಸಾರ ನೆಲವನ್ನು ಓದುವುದರಲ್ಲಿದೆ; ರುಚಿ ನೋಡುವುದು ಆ ಓದಿನ ಕೊನೆಯ ಪುಟ. ಆದ್ದರಿಂದಲೇ ವೈನನ್ನು ತುಟಿಗೂ ಸೋಕಿಸದವರು ಕೂಡ ಇಲ್ಲಿಂದ ತುಂಬಿಕೊಂಡು ಬರಬಹುದು ಎಂದು ನಾನು ನಂಬುತ್ತೇನೆ.

ಹುಂಜ ಕೂಗಿ ಬಿದ್ದ ಗಡಿ

ಫ್ಲಾರೆನ್ಸ್ ಮತ್ತು ಸಿಯೆನಾ ನಗರಗಳ ನಡುವೆ, ಬೆಟ್ಟದ ಬೆನ್ನು ಹತ್ತಿ ಇಳಿಯುತ್ತ ಸಾಗುವ 222ನೇ ಸಂಖ್ಯೆಯ ಹೆದ್ದಾರಿಗೆ ಜನ ಇಟ್ಟ ಹೆಸರು ಕಿಯಾಂಟಿಜಾನಾ. ನಗರದ ಅಂಚು ದಾಟಿ ಅರ್ಧ ಗಂಟೆಯಾಗುವಷ್ಟರಲ್ಲಿ ಎರಡೂ ಬದಿಗೆ ಆಲಿವ್ ಮರಗಳು, ದ್ರಾಕ್ಷಿಯ ಸಾಲುಗಳು, ದಿಬ್ಬದ ನೆತ್ತಿಯ ಕಲ್ಲಿನ ಮನೆಗಳು, ಅವುಗಳ ದಾರಿಗುಂಟ ಸೈಪ್ರೆಸ್ ಮರಗಳು ಕಾಣಸಿಗುತ್ತವೆ. ಚಿತ್ರಪಟಗಳಲ್ಲಿ ನೋಡಿ ಕಿಯಾಂಟಿ ಎಂದರೆ ಬರೀ ದ್ರಾಕ್ಷಿ ತೋಟ ಎಂದುಕೊಂಡವರಿಗೆ ಇಲ್ಲಿನ ಕಾಡು ಅಚ್ಚರಿ ತರುತ್ತದೆ. ಕಿಯಾಂಟಿ ಕ್ಲಾಸಿಕೊ ಎಂದು ಕಾನೂನು ಗುರುತಿಸಿರುವ ಸುಮಾರು 70,000 ಹೆಕ್ಟೇರ್ ಪ್ರದೇಶದಲ್ಲಿ ಹೆಚ್ಚಿನ ಪಾಲು ಓಕ್ ಮತ್ತು ಚೆಸ್ಟ್‌ನಟ್ ಮರಗಳ ಕಾಡೇ. ದ್ರಾಕ್ಷಿಗೆ ಮೀಸಲಾದದ್ದು ಹತ್ತರಲ್ಲಿ ಒಂದು ಪಾಲಿನಷ್ಟು. ಆ ಕಾಡಿನಿಂದ ಹಂದಿಯೂ ಜಿಂಕೆಯೂ ಇಳಿದು ಬಂದು ಹಣ್ಣಾದ ಗೊಂಚಲು ತಿನ್ನುತ್ತವೆ. ತೋಟಗಳ ಸುತ್ತ ಕಾಣುವ ತಂತಿಬೇಲಿ ಅವುಗಳಿಗಾಗಿ.

ಈ ಬೆಟ್ಟಗಳು ಮಧ್ಯಯುಗದಲ್ಲಿ ರಣಭೂಮಿ. ಫ್ಲಾರೆನ್ಸ್ ಮತ್ತು ಸಿಯೆನಾ ಎರಡೂ ಸ್ವತಂತ್ರ ಗಣರಾಜ್ಯಗಳಾಗಿದ್ದ ಕಾಲದಲ್ಲಿ ಗಡಿ ಯಾವುದೆಂಬ ಜಗಳ ತೀರಲೇ ಇಲ್ಲ. ಅದರ ಸುತ್ತ ಒಂದು ದಂತಕಥೆ ಹುಟ್ಟಿಕೊಂಡಿದೆ. ಬೆಳಗಿನ ಹುಂಜ ಕೂಗಿದ ಕೂಡಲೇ ಎರಡೂ ನಗರಗಳಿಂದ ಒಬ್ಬೊಬ್ಬ ಕುದುರೆ ಸವಾರ ಹೊರಡಬೇಕು, ಅವರು ಎದುರಾದ ಜಾಗವೇ ಗಡಿ ಎಂದು ಒಪ್ಪಂದವಾಯಿತಂತೆ. ಸಿಯೆನಾದವರು ಬಿಳಿ ಹುಂಜಕ್ಕೆ ಹೊಟ್ಟೆ ತುಂಬ ತಿನ್ನಿಸಿದರು. ಫ್ಲಾರೆನ್ಸ್‌ನವರು ಕರಿ ಹುಂಜವನ್ನು ಉಪವಾಸ ಕೆಡವಿದರು. ಹಸಿದ ಹುಂಜ ನಸುಕಿಗೂ ಮೊದಲೇ ಕೂಗಿತು. ಫ್ಲಾರೆನ್ಸ್‌ನ ಸವಾರ ಸಿಯೆನಾದಿಂದ ಬರೀ ಹನ್ನೆರಡು ಕಿಲೋಮೀಟರ್ ದೂರದ ಫೊಂಟೆರುತೋಲಿ ತನಕ ಬಂದುಬಿಟ್ಟ. ಕಿಯಾಂಟಿ ಹೆಚ್ಚು ಕಡಿಮೆ ಇಡಿಯಾಗಿ ಫ್ಲಾರೆನ್ಸ್ ಪಾಲಾಯಿತು.

ಕಥೆ ಕಥೆಯೇ ಆದರೂ ಹುಂಜ ಚರಿತ್ರೆಯಲ್ಲಿ ನಿಜವಾಗಿಯೂ ಇದೆ. ರಾದ್ದಾ, ಗಾಯೋಲೆ, ಕಾಸ್ಟೆಲ್ಲೀನಾ ಎಂಬ ಮೂರು ಊರುಗಳ ರಕ್ಷಣೆಗೆ ಫ್ಲಾರೆನ್ಸ್ ಕಟ್ಟಿದ್ದ ಕಿಯಾಂಟಿ ಕೂಟದ ಲಾಂಛನ ಚಿನ್ನದ ಬಣ್ಣದ ಮೇಲೆ ಕಪ್ಪು ಹುಂಜ. ಫ್ಲಾರೆನ್ಸ್‌ನ ಪಲಾಝೊ ವೆಕ್ಕಿಯೊ ಅರಮನೆಯ ದೊಡ್ಡ ಸಭಾಂಗಣದ ಛಾವಣಿಯಲ್ಲಿ ಚಿತ್ರಕಾರ ವಸಾರಿ ಬಿಡಿಸಿದ ಹುಂಜವನ್ನು ಇಂದಿಗೂ ನೋಡಬಹುದು. 1555ರಲ್ಲಿ ಸಿಯೆನಾ ಶರಣಾದ ಮೇಲೆ ಕೋಟೆಗಳಿಗೆ ಕೆಲಸ ತಪ್ಪಿತು. ಕಾವಲು ಗೋಪುರಗಳು ಮೆಲ್ಲಗೆ ಒಕ್ಕಲುತನದ ಮನೆಗಳಾದವು. ಇಂದು ಪ್ರವಾಸಿಗರು ವೈನ್ ಸವಿಯುವ ಎಷ್ಟೋ ನೆಲಮಾಳಿಗೆಗಳ ಗೋಡೆ ಅಷ್ಟು ದಪ್ಪವಿರುವುದು ಇದೇ ಕಾರಣಕ್ಕೆ. ವೈರಿಯನ್ನು ತಡೆಯಲು ಕಟ್ಟಿದ ಗೋಡೆ ಈಗ ಬೇಸಿಗೆಯ ಬಿಸಿಯನ್ನು ತಡೆಯುತ್ತಿದೆ.

ಹೆಸರಿಗೆ ಕಾವಲು

1716ರ ಸೆಪ್ಟೆಂಬರ್ 24ರಂದು ಟಸ್ಕನಿಯ ಮಹಾದೊರೆ ಮೂರನೆಯ ಕೊಸಿಮೊ ಮೆದಿಚಿ ಒಂದು ಆಜ್ಞೆ ಹೊರಡಿಸಿದ. ಕಿಯಾಂಟಿ, ಪೊಮೀನೊ, ಕಾರ್ಮಿನ್ಯಾನೊ, ಮೇಲಿನ ಆರ್ನೊ ಕಣಿವೆ ಎಂಬ ನಾಲ್ಕು ಸೀಮೆಗಳ ಎಲ್ಲೆಗಳನ್ನು ಅದು ಬರಹದಲ್ಲಿ ಗುರುತಿಸಿತು. ಆ ಎಲ್ಲೆಯ ಹೊರಗೆ ಬೆಳೆದ ವೈನಿಗೆ ಆ ಹೆಸರು ಹಾಕಿ ಮಾರುವಂತಿಲ್ಲ. ಬೆಳೆಗೂ ಊರಿಗೂ ಇರುವ ನಂಟನ್ನು ಕಾನೂನಿನಿಂದ ಕಾಪಾಡಿದ ಜಗತ್ತಿನ ಮೊದಮೊದಲ ಯತ್ನಗಳಲ್ಲಿ ಇದು ಒಂದು. ಈಗ ನಮ್ಮ ಮೈಸೂರು ವೀಳ್ಯದೆಲೆ, ನಂಜನಗೂಡು ರಸಬಾಳೆ, ಬೆಂಗಳೂರು ನೀಲಿ ದ್ರಾಕ್ಷಿಗಳಿಗೆ ದೊರೆತಿರುವ ಭೌಗೋಳಿಕ ಗುರುತಿನ ಹಿಂದಿರುವ ವಿಚಾರವೂ ಇದೇ.

ಹೆಸರು ಗಳಿಸಿದ ಸರಕಿಗೆ ನಕಲಿಯೂ ಹೆಚ್ಚು. ಸುತ್ತಲಿನ ಸೀಮೆಯವರೆಲ್ಲ ತಮ್ಮ ವೈನನ್ನು ಕಿಯಾಂಟಿ ಎಂದು ಮಾರತೊಡಗಿದಾಗ, 1924ರ ಮೇ 14ರಂದು ರಾದ್ದಾದಲ್ಲಿ ಮೂವತ್ಮೂರು ಬೆಳೆಗಾರರು ಸೇರಿ ಒಂದು ಒಕ್ಕೂಟ ಕಟ್ಟಿದರು, ಹಳೆಯ ಕೂಟದ ಕಪ್ಪು ಹುಂಜವನ್ನೇ ಗುರುತಾಗಿ ಇಟ್ಟುಕೊಂಡರು. 1932ರಲ್ಲಿ ಸರ್ಕಾರ ಕಿಯಾಂಟಿಯ ಎಲ್ಲೆಯನ್ನು ಬಹಳ ದೂರದವರೆಗೆ ಹಿಗ್ಗಿಸಿದಾಗ ಮೂಲ ಸೀಮೆಯನ್ನು ಬೇರೆಯಾಗಿ ತೋರಿಸಲು ‘ಕ್ಲಾಸಿಕೊ’ ಎಂಬ ಮಾತು ಸೇರಿತು. ಆದ್ದರಿಂದ ಅಂಗಡಿಯಲ್ಲಿ ಸಿಗುವ ಕಿಯಾಂಟಿ ಬೇರೆ, ಕಿಯಾಂಟಿ ಕ್ಲಾಸಿಕೊ ಬೇರೆ. ಬಾಟಲಿಯ ಮೇಲೆ ಕಪ್ಪು ಹುಂಜವಿದ್ದರೆ ಅದು ಈ ಬೆಟ್ಟಗಳದ್ದೇ.

ಗ್ರೇವೆಯ ಚೌಕ

ಅರ್ಧ ದಿನದ ಪ್ರವಾಸಗಳು ಹೆಚ್ಚಾಗಿ ನಿಲ್ಲುವ ಊರು ಗ್ರೇವೆ. ಫ್ಲಾರೆನ್ಸ್‌ನಿಂದ ಸುಮಾರು ಮೂವತ್ತು ಕಿಲೋಮೀಟರ್. ಇದು ಕೋಟೆಯ ಊರಲ್ಲ, ಸಂತೆಯ ಊರು. ಸುತ್ತಲಿನ ಬೆಟ್ಟದ ಮೇಲಿನ ಊರುಗಳಿಂದ ದಾರಿಗಳು ಇಳಿದು ಬಂದು ಕೂಡುವ ಜಾಗದಲ್ಲಿ ಸಂತೆ ನೆರೆಯುತ್ತಿತ್ತು, ಸಂತೆಯ ಸುತ್ತ ಊರು ಬೆಳೆಯಿತು. ಅದರ ನಡುವಿನ ಬಯಲು ತ್ರಿಕೋನಾಕಾರ. ಅಂಚಿನ ಉದ್ದಕ್ಕೂ ಕಮಾನಿನ ಜಗಲಿಗಳು. ಮಳೆ ಬಿಸಿಲಿಗೆ ಆಸರೆಯಾಗಿ ವರ್ತಕರು ಕೂರುತ್ತಿದ್ದ ಜಾಗದಲ್ಲಿ ಈಗ ಚೀಸ್, ಒಣಮಾಂಸ, ವೈನ್, ಬುಟ್ಟಿಗಳ ಅಂಗಡಿಗಳಿವೆ. ಬಯಲಿನ ನಡುವೆ ಜೊವಾನ್ನಿ ದ ವೆರಾಜ್ಜಾನೊನ ಪ್ರತಿಮೆ. 1524ರಲ್ಲಿ ಈಗಿನ ನ್ಯೂಯಾರ್ಕ್ ಕೊಲ್ಲಿಯನ್ನು ಹೊಕ್ಕ ನಾವಿಕ ಆತ. ಗ್ರೇವೆಯ ಬಳಿಯ ವೆರಾಜ್ಜಾನೊ ಕೋಟೆಮನೆ ಅವನ ಮನೆತನದ್ದು. ಇಂದು ಅದೂ ಒಂದು ವೈನ್ ತೋಟ.

ಗ್ರೇವೆಯ ತಲೆಯ ಮೇಲೆಯೇ ಮೊಂಟೆಫಿಯೊರಾಲೆ ಎಂಬ ಪುಟ್ಟ ಊರಿದೆ. ಹಳೆಯ ಕೋಟೆಗೋಡೆಯನ್ನೇ ಮನೆಯ ಗೋಡೆಯಾಗಿ ಮಾಡಿಕೊಂಡು ದುಂಡಗೆ ಕೂತ ಊರು, ಸುತ್ತಿ ಬರಲು ಒಂದೇ ಕಲ್ಲುಹಾಸಿನ ಓಣಿ. ಅಲ್ಲಿಗೆ ಕರೆದೊಯ್ಯುವ ಮಾರ್ಗದರ್ಶಿ ಸಿಕ್ಕರೆ ಬಿಡಬೇಡಿ. ಮೇಲೆ ನಿಂತು ಕೆಳಗೆ ನೋಡಿದರೆ ಇಡೀ ಸೀಮೆಯ ವ್ಯವಸ್ಥೆ ಕಣ್ಣಿಗೆ ಬೀಳುತ್ತದೆ: ನೆತ್ತಿಯಲ್ಲಿ ಕಾಡು, ಬಿಸಿಲು ಬೀಳುವ ಇಳಿಜಾರಿನಲ್ಲಿ ದ್ರಾಕ್ಷಿ, ಅದರ ಅಂಚಿಗೆ ಆಲಿವ್, ತಗ್ಗಿನಲ್ಲಿ ಹೊಳೆ ಮತ್ತು ಸಂತೆ.

ಬಳ್ಳಿಯ ಪಾಡು

ತೋಟಕ್ಕೆ ಕಾಲಿಟ್ಟಾಗ ಮೊದಲು ಬಗ್ಗಿ ಒಂದು ಕಲ್ಲು ಎತ್ತಿಕೊಳ್ಳಿ. ಬೆರಳಿನಲ್ಲಿ ಒತ್ತಿದರೆ ಪದರ ಪದರವಾಗಿ ಕಳಚುವ ಜೇಡಿಶಿಲೆಗೆ ಇಲ್ಲಿನವರು ಗಾಲೆಸ್ಟ್ರೊ ಎನ್ನುತ್ತಾರೆ. ಗಟ್ಟಿಯಾದ ಬೂದುಬಿಳಿ ಸುಣ್ಣಕಲ್ಲಿಗೆ ಅಲ್ಬೆರೇಸೆ ಎನ್ನುತ್ತಾರೆ. ಎರಡೂ ನೀರನ್ನು ಹಿಡಿದಿಡದೆ ಬಸಿದುಬಿಡುತ್ತವೆ. ಭತ್ತಕ್ಕೋ ಜೋಳಕ್ಕೋ ಬರಡು ಅನ್ನಿಸುವ ಈ ನೆಲ ವೈನ್ ದ್ರಾಕ್ಷಿಗೆ ಒಳ್ಳೆಯದು. ನೀರು ಸುಲಭವಾಗಿ ಸಿಗದ ಬಳ್ಳಿ ಬೇರನ್ನು ಆಳಕ್ಕೆ ಇಳಿಸುತ್ತದೆ, ಎಲೆ ಕಡಿಮೆ ಬಿಡುತ್ತದೆ, ಹಣ್ಣು ಸಣ್ಣದಾಗಿ ಸಿಪ್ಪೆ ದಪ್ಪವಾಗುತ್ತದೆ. ಕೆಂಪು ವೈನಿನ ಬಣ್ಣವೂ ಒಗರೂ ಇರುವುದು ಸಿಪ್ಪೆಯಲ್ಲಿ. ತಿನ್ನುವ ದ್ರಾಕ್ಷಿಗೆ ದಪ್ಪ ಹಣ್ಣು, ತೆಳು ಸಿಪ್ಪೆ ಬೇಕು. ವೈನಿನದು ಸರಿಯಾಗಿ ಅದಕ್ಕೆ ವಿರುದ್ಧ.

ಇಲ್ಲಿನ ಮುಖ್ಯ ತಳಿ ಸಾಂಜೊವೇಸೆ. ಅದು ತಡವಾಗಿ ಹಣ್ಣಾಗುವ, ಜಾಗ ಬದಲಾದರೆ ಗುಣವೂ ಬದಲಾಗುವ ತಳಿ. ಇಳಿಜಾರು ಯಾವ ದಿಕ್ಕಿಗಿದೆ, ಸಮುದ್ರ ಮಟ್ಟದಿಂದ ಎಷ್ಟು ಎತ್ತರ, ರಾತ್ರಿ ಎಷ್ಟು ತಣ್ಣಗಾಗುತ್ತದೆ ಎನ್ನುವುದೆಲ್ಲ ಹಣ್ಣಿನಲ್ಲಿ ಕಾಣುತ್ತದೆ. ಲಾಮೋಲೆಯಂಥ ಎತ್ತರದ ಊರಿನ ವೈನ್ ಹಗುರ, ಪರಿಮಳದ್ದು. ದಕ್ಷಿಣದ ಬೆಚ್ಚನೆಯ ಕಾಸ್ಟೆಲ್‌ನುವೊವೊ ಬೆರಾರ್ದೆಂಗಾದ್ದು ಮೈತುಂಬಿದ್ದು. ಈ ವ್ಯತ್ಯಾಸವನ್ನು ಗ್ರಾಹಕರಿಗೆ ತಿಳಿಸಲೆಂದೇ 2021ರಲ್ಲಿ ಒಕ್ಕೂಟ ಇಡೀ ಸೀಮೆಯನ್ನು ಹನ್ನೊಂದು ಉಪಸೀಮೆಗಳಾಗಿ ವಿಂಗಡಿಸಿತು. ಇಳುವರಿಗೂ ಮಿತಿ ಇದೆ. ಹೆಕ್ಟೇರಿಗೆ 7.5 ಟನ್, ಅಂದರೆ ಎಕರೆಗೆ ಸುಮಾರು ಮೂರು ಟನ್ ಮೀರಿ ದ್ರಾಕ್ಷಿ ಬೆಳೆದರೆ ಆ ಹೆಸರು ಸಿಗುವುದಿಲ್ಲ. ವಿಜಯಪುರದ ದ್ರಾಕ್ಷಿ ಬೆಳೆಗಾರರಿಗೆ ಇದು ತೀರ ಕಡಿಮೆ ಎನ್ನಿಸೀತು. ಕಡಿಮೆ ಗೊಂಚಲು ಬಿಟ್ಟಷ್ಟೂ ಒಂದೊಂದು ಗೊಂಚಲಿಗೆ ಹೆಚ್ಚು ಸತ್ವ ಎಂಬುದು ಈ ಮಿತಿಯ ಲೆಕ್ಕಾಚಾರ.

ನಮ್ಮ ರೈತರು ಈ ತೋಟದಲ್ಲಿ ನಿಂತರೆ ಇನ್ನೊಂದು ಸಂಗತಿಯನ್ನೂ ತಕ್ಷಣ ಗಮನಿಸುತ್ತಾರೆ. ವಿಜಯಪುರ, ಬಾಗಲಕೋಟೆ ಕಡೆ ವರ್ಷಕ್ಕೆ ಎರಡು ಸಲ ಚಾಟ್ನಿ, ಅಂದರೆ ಬಳ್ಳಿ ಕತ್ತರಿಸುವುದು: ಏಪ್ರಿಲ್‌ನಲ್ಲಿ ಒಂದು, ಅಕ್ಟೋಬರ್‌ನಲ್ಲಿ ಇನ್ನೊಂದು. ಕಿಯಾಂಟಿಯಲ್ಲಿ ಒಂದೇ, ಅದೂ ಚಳಿಗಾಲದಲ್ಲಿ. ಎಲೆ ಉದುರಿಸಿ ನಿದ್ದೆ ಹೋದ ಬಳ್ಳಿಯನ್ನು ಕತ್ತರಿಸಿ, ಏಪ್ರಿಲ್‌ನಲ್ಲಿ ಚಿಗುರು ಬಂದು, ಜೂನ್ ಸುಮಾರಿಗೆ ಹೂವಾಗಿ, ಆಗಸ್ಟ್‌ನಲ್ಲಿ ಕಾಯಿಗೆ ಬಣ್ಣ ತಿರುಗಿ, ಸೆಪ್ಟೆಂಬರ್ ನಡುವಿನಿಂದ ಅಕ್ಟೋಬರ್ ನಡುವಿನವರೆಗೆ ಕೊಯ್ಲು ನಡೆಯುತ್ತದೆ. ಚಳಿಯೇ ಬಳ್ಳಿಗೆ ವಿಶ್ರಾಂತಿ ಕೊಡುವ ನಾಡು ಅದು. ಚಳಿ ಸಾಲದ ನಮ್ಮಲ್ಲಿ ಕತ್ತರಿಯೇ ಆ ಕೆಲಸ ಮಾಡಬೇಕು.

ಬುಡದ ಬಳಿ ಕಾಣುವ ಗಂಟು ಮಾತ್ರ ಎರಡೂ ಕಡೆ ಒಂದೇ. ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಅಮೆರಿಕದಿಂದ ಬಂದ ಫಿಲೊಕ್ಸೆರಾ ಎಂಬ ಬೇರುಹೇನು ಯುರೋಪಿನ ತೋಟಗಳನ್ನು ನಾಶಮಾಡಿತು. ಆ ಹೇನನ್ನು ತಾಳುವ ಅಮೆರಿಕದ ಕಾಡುದ್ರಾಕ್ಷಿಯ ಬೇರಿಗೆ ಯುರೋಪಿನ ತಳಿಯನ್ನು ಕಸಿಕಟ್ಟುವುದೊಂದೇ ಉಳಿದ ದಾರಿಯಾಯಿತು. ಇಂದಿಗೂ ಸಾಂಜೊವೇಸೆ ಬೆಳೆಯುವುದು ಅಂಥ ಬೇರಿನ ಮೇಲೆಯೇ. ಉತ್ತರ ಕರ್ನಾಟಕದ ಬೆಳೆಗಾರರು ಉಪ್ಪು ನೀರು, ಬರ ತಾಳಲೆಂದು ಬಳಸುವ ಡಾಗ್‌ರಿಡ್ಜ್ ಬೇರೂ ಅಮೆರಿಕದ ಕಾಡುದ್ರಾಕ್ಷಿಯದೇ.

ಸಾಲಿನ ತುದಿಯಲ್ಲಿ ಗುಲಾಬಿ ಗಿಡ ಕಂಡರೆ ಅದನ್ನು ಬರೀ ಚೆಂದಕ್ಕೆ ನೆಟ್ಟದ್ದೆಂದು ತಿಳಿಯಬೇಡಿ. ಬೂದಿರೋಗದ ಸುಳಿವು ಗುಲಾಬಿಯಲ್ಲಿ ಬೇಗ ಕಾಣುತ್ತದೆ ಎಂಬ ಅನುಭವದಿಂದ ಹಿಂದಿನವರು ಅದನ್ನು ಬಳ್ಳಿಯ ಕಾವಲಿಗೆ ನೆಟ್ಟರು.

ನೆಲಮಾಳಿಗೆ ಮತ್ತು ಅಟ್ಟ

ಕೊಯ್ದ ಹಣ್ಣನ್ನು ತೊಟ್ಟಿನಿಂದ ಬಿಡಿಸಿ, ಹಿಚುಕಿ, ಸಿಪ್ಪೆಯ ಸಮೇತ ಉಕ್ಕಿನ ಅಥವಾ ಸಿಮೆಂಟಿನ ತೊಟ್ಟಿಗೆ ತುಂಬುತ್ತಾರೆ. ಹುಳಿಹಿಟ್ಟು ಉಬ್ಬುವಂತೆ ಅದು ಉಕ್ಕಿ ಬರುತ್ತದೆ, ಸಿಪ್ಪೆಯೆಲ್ಲ ಮೇಲೆ ತೇಲಿ ದಪ್ಪ ಪದರವಾಗುತ್ತದೆ. ಕೆಳಗಿನ ರಸವನ್ನು ಮೇಲೆತ್ತಿ ಆ ಪದರದ ಮೇಲೆ ದಿನವೂ ಸುರಿಯುತ್ತಿದ್ದರೆ ಬಣ್ಣವೂ ಒಗರೂ ರಸಕ್ಕೆ ಇಳಿಯುತ್ತವೆ. ಎರಡು ಮೂರು ವಾರಗಳಲ್ಲಿ ಸಕ್ಕರೆಯೆಲ್ಲ ಮದ್ಯಸಾರವಾಗಿ ಹುದುಗು ತಣ್ಣಗಾಗುತ್ತದೆ. ಬಳಿಕ ರಸವನ್ನು ಬಸಿದು ಓಕ್ ಪೀಪಾಯಿಗೆ ತುಂಬುತ್ತಾರೆ. ಹಳೆಯ ಮನೆಗಳಲ್ಲಿ ಆಳೆತ್ತರದ ದೊಡ್ಡ ಪೀಪಾಯಿಗಳು, ಕೆಲವೆಡೆ 225 ಲೀಟರಿನ ಫ್ರೆಂಚ್ ಪೀಪಾಯಿಗಳು. ಸಣ್ಣ ಪೀಪಾಯಿಯಲ್ಲಿ ಮರದ ವಾಸನೆ ಹೆಚ್ಚು ಇಳಿಯುತ್ತದೆ. ದೊಡ್ಡದರಲ್ಲಿ ಹಣ್ಣಿನ ಗುಣ ಹೆಚ್ಚು ಉಳಿಯುತ್ತದೆ. ಮಾರ್ಗದರ್ಶಿಯ ಜೊತೆ ನೆಲಮಾಳಿಗೆಗೆ ಇಳಿದಾಗ ಯಾವ ಅಳತೆಯ ಪೀಪಾಯಿ ಎಂದು ನೋಡಿಕೊಂಡರೆ, ಆ ಮನೆಯವರು ವೈನಿನಿಂದ ಏನು ಬಯಸುತ್ತಾರೆ ಎಂಬುದು ಅರ್ಧ ತಿಳಿದಂತೆ.

ಯಾವ ದ್ರಾಕ್ಷಿಯನ್ನು ಎಷ್ಟು ಬೆರೆಸಬೇಕು ಎನ್ನುವುದರ ಹಿಂದೆಯೂ ಚರಿತ್ರೆಯಿದೆ. ಗಾಯೋಲೆಯ ಬಳಿಯ ಬ್ರೋಲಿಯೊ ಕೋಟೆಯ ಒಡೆಯ ಬೆತ್ತೀನೊ ರಿಕಾಸೊಲಿ ಒಂದಾದ ಇಟಲಿಯ ಎರಡನೆಯ ಪ್ರಧಾನಿ. 1861ರಲ್ಲಿ ಮೊದಲ ಪ್ರಧಾನಿ ಕಾವೂರ್ ತೀರಿಕೊಂಡ ಮೇಲೆ ಆ ಹುದ್ದೆಗೆ ಬಂದವನು. ರಾಜಕಾರಣದ ಜೊತೆಗೆ ದಶಕಗಳ ಕಾಲ ತನ್ನ ತೋಟದಲ್ಲಿ ಪ್ರಯೋಗ ಮಾಡಿದ ಆತ 1872ರಲ್ಲಿ ಪಿಸಾದ ಪ್ರಾಧ್ಯಾಪಕರೊಬ್ಬರಿಗೆ ಪತ್ರ ಬರೆದು ತನ್ನ ಸೂತ್ರ ತಿಳಿಸಿದ: ಪರಿಮಳಕ್ಕೂ ಬಲಕ್ಕೂ ಸಾಂಜೊವೇಸೆ, ಅದರ ಬಿರುಸು ತಗ್ಗಿಸಲು ಕಾನಾಯೋಲೊ, ಬೇಗ ಕುಡಿಯುವ ವೈನಾದರೆ ಹಗುರಗೊಳಿಸಲು ಬಿಳಿ ಮಾಲ್ವಾಸಿಯಾ. ಸುಮಾರು ನೂರು ವರ್ಷದ ಬಳಿಕ ಈ ಸೂತ್ರವೇ ಕಟ್ಟುಪಾಡಾಯಿತು. 1967ರ ನಿಯಮ ಬಿಳಿ ದ್ರಾಕ್ಷಿಯನ್ನು ಕಡ್ಡಾಯ ಮಾಡಿತು, ಗುಣ ಕುಸಿಯಿತು. ಬೇಸತ್ತ ಕೆಲವರು ನಿಯಮದಿಂದಲೇ ಹೊರನಡೆದರು. ಆಂತಿನೋರಿ ಮನೆತನದ ತಿನ್ಯಾನೆಲ್ಲೊ 1971ರ ಫಸಲಿನಿಂದ ‘ಸಾಧಾರಣ ಮೇಜಿನ ವೈನ್’ ಎಂಬ ಕೆಳದರ್ಜೆಯ ಪಟ್ಟಿ ಹೊತ್ತೇ ಜಗತ್ತಿನ ಹೆಸರು ಗಳಿಸಿತು. ಕಡೆಗೆ ನಿಯಮವೇ ಬದಲಾಯಿತು. ಈಗ ಕಿಯಾಂಟಿ ಕ್ಲಾಸಿಕೊದಲ್ಲಿ ಕನಿಷ್ಠ ಶೇ 80 ಸಾಂಜೊವೇಸೆ ಇರಬೇಕು. 2006ರ ಫಸಲಿನಿಂದ ಬಿಳಿ ದ್ರಾಕ್ಷಿಗೆ ಅವಕಾಶವಿಲ್ಲ. 24 ತಿಂಗಳು ಮಾಗಿದರೆ ರಿಸೆರ್ವಾ, ಸ್ವಂತ ತೋಟದ ಹಣ್ಣಿನಿಂದಲೇ ಮಾಡಿ 30 ತಿಂಗಳು ಮಾಗಿಸಿದರೆ ಗ್ರಾನ್ ಸೆಲೆಸಿಯೊನೆ.

ನೆಲಮಾಳಿಗೆ ನೋಡಿದ ಮೇಲೆ ಅಟ್ಟವನ್ನೂ ತೋರಿಸುತ್ತೀರಾ ಎಂದು ಕೇಳಿ. ಹಳೆಯ ಮನೆಗಳಲ್ಲಿ ಬಿಳಿ ದ್ರಾಕ್ಷಿಯ ಗೊಂಚಲುಗಳನ್ನು ಅಟ್ಟದಲ್ಲಿ ತೂಗುಹಾಕಿ ಅಥವಾ ಬಿದಿರುಜಾತಿಯ ತಟ್ಟಿಯ ಮೇಲೆ ಹರವಿ ಚಳಿಗಾಲದವರೆಗೆ ಒಣಗಿಸುತ್ತಾರೆ. ಬಳಿಕ ಹಿಂಡಿದ ಗಟ್ಟಿ ರಸವನ್ನು ಪುಟ್ಟ ಪೀಪಾಯಿಗಳಲ್ಲಿ ಮುಚ್ಚಿ, ಬೇಸಿಗೆಯ ಕಾವೂ ಚಳಿಗಾಲದ ಕೊರೆತವೂ ತಾಗುವಂತೆ ಅದೇ ಅಟ್ಟದಲ್ಲಿ ವರ್ಷಗಟ್ಟಲೆ ಬಿಡುತ್ತಾರೆ. ಜೇನಿನ ಬಣ್ಣದ ಆ ವೈನ್‌ಗೆ ವಿನ್ ಸಾಂತೊ ಎಂದು ಹೆಸರು. ಅತಿಥಿ ಬಂದಾಗ ಬಾದಾಮಿ ಹಾಕಿದ ಗಟ್ಟಿ ಬಿಸ್ಕತ್ತಿನ ಜೊತೆ ಕೊಡುವುದು ಟಸ್ಕನಿಯ ರೈತಾಪಿ ಮನೆಗಳ ಮರ್ಯಾದೆ.

ಅರ್ಧ ಫಸಲಿನ ಕಾಲ

ಈ ಪ್ರವಾಸದಲ್ಲಿ ನನ್ನ ಮನಸ್ಸಿಗೆ ಎಲ್ಲಕ್ಕಿಂತ ಹತ್ತಿರವಾದ ಭಾಗ ಮನೆಗಳ ಕಥೆ. ದಿಬ್ಬದ ಮೇಲಿನ ಆ ಕಲ್ಲಿನ ಮನೆಗಳು, ಇಂದು ಈಜುಕೊಳ ಕಟ್ಟಿಸಿಕೊಂಡು ಅತಿಥಿಗೃಹಗಳಾಗಿರುವ ಮನೆಗಳು, ಅರವತ್ತು ಎಪ್ಪತ್ತು ವರ್ಷಗಳ ಹಿಂದೆ ಪಾಲಿಗೆ ಉಳುವವರ ಮನೆಗಳಾಗಿದ್ದವು. ಮೆಜ್ಜಾದ್ರಿಯ ಎಂಬ ಆ ಪದ್ಧತಿ ನಮ್ಮ ಹಳ್ಳಿಗಳ ಕೋರು ಬೇಸಾಯದಂಥದ್ದೇ. ಭೂಮಿ, ಮನೆ ಒಡೆಯನದು, ದುಡಿಮೆ ಇಡೀ ಕುಟುಂಬದ್ದು, ಫಸಲು ಅರ್ಧರ್ಧ. ಒಡೆಯ ಬಹುಪಾಲು ಫ್ಲಾರೆನ್ಸ್ ಅಥವಾ ಸಿಯೆನಾ ನಗರದಲ್ಲಿರುತ್ತಿದ್ದ. ಹಳ್ಳಿಯಲ್ಲಿ ಅವನ ಪರವಾಗಿ ಲೆಕ್ಕ ಇಡುವ ಪಾರುಪತ್ಯಗಾರನಿರುತ್ತಿದ್ದ. ಕುಟುಂಬದ ಹಿರಿಯ ಹೊಲದ ಕೆಲಸ ಹಂಚುತ್ತಿದ್ದ, ಹಿರಿಯಾಕೆ ಮನೆ, ಕೋಳಿ, ಹಿತ್ತಿಲು ನೋಡಿಕೊಳ್ಳುತ್ತಿದ್ದಳು. ಕೆಳಗೆ ದನದ ಕೊಟ್ಟಿಗೆ, ಮೇಲೆ ಮನುಷ್ಯರ ವಾಸ. ದನಗಳ ಮೈಬಿಸಿಯೇ ಚಳಿಗಾಲದಲ್ಲಿ ಮೇಲಿನವರಿಗೂ ಬೆಚ್ಚಗೆ.

ಆಗ ಈಗಿನಂತೆ ಉದ್ದುದ್ದದ ದ್ರಾಕ್ಷಿ ಸಾಲುಗಳಿರಲಿಲ್ಲ. ಒಂದೇ ಹೊಲದಲ್ಲಿ ಗೋಧಿ, ನಡುವೆ ಆಲಿವ್, ಮೇಪಲ್ ಮರಗಳಿಗೆ ಹಬ್ಬಿಸಿದ ದ್ರಾಕ್ಷಿ. ಕುಟುಂಬ ವರ್ಷವಿಡೀ ಉಣ್ಣಬೇಕಾದ್ದರಿಂದ ಎಲ್ಲವೂ ಒಂದಿಷ್ಟಿಷ್ಟು ಬೇಕಿತ್ತು. ಎರಡನೆಯ ಮಹಾಯುದ್ಧದ ನಂತರ ಕಾರ್ಖಾನೆಗಳು ಕರೆದವು. ತಿಂಗಳ ಸಂಬಳ, ನಲ್ಲಿ ನೀರು, ವಿದ್ಯುತ್ತು ಇದ್ದ ನಗರಕ್ಕೆ ಯುವಕರು ಸಾಲುಸಾಲಾಗಿ ಹೊರಟರು. 1964ರ ಕಾನೂನು ಹೊಸ ಮೆಜ್ಜಾದ್ರಿಯ ಕರಾರುಗಳನ್ನು ನಿಷೇಧಿಸಿತು. ಆ ಹೊತ್ತಿಗಾಗಲೇ ಸಾವಿರಾರು ಮನೆಗಳು ಪಾಳು ಬಿದ್ದಿದ್ದವು. ಇಂದು ನಾವು ‘ಟಸ್ಕನಿಯ ಅನಾದಿ ನೋಟ’ ಎಂದುಕೊಂಡು ಫೋಟೊ ತೆಗೆಯುವ ದ್ರಾಕ್ಷಿಯ ನೇರ ಸಾಲುಗಳು ಬಹುಮಟ್ಟಿಗೆ 1960ರ ದಶಕದಿಂದ ಈಚಿನವು. ಜನ ಬಿಟ್ಟು ಹೋದ ಹೊಲಗಳಲ್ಲಿ ಟ್ರ್ಯಾಕ್ಟರ್ ಓಡಾಡಲೆಂದು ನೆಟ್ಟವು.

ಖಾಲಿ ಮನೆಗಳನ್ನು ಮೊದಲು ಕೊಂಡವರಲ್ಲಿ ಇಂಗ್ಲಿಷರು, ಜರ್ಮನ್ನರು, ಸ್ವಿಸ್ಸರು ಇದ್ದರು. ಮಿಲಾನ್, ರೋಮ್‌ಗಳಿಂದ ಬಂದು ತೋಟ ಹಿಡಿದ ಇಟಲಿಯವರೂ ಇದ್ದರು. 1985ರಲ್ಲಿ ಸರ್ಕಾರ ರೈತರು ತಮ್ಮ ಮನೆಯಲ್ಲೇ ಅತಿಥಿಗಳನ್ನು ಇರಿಸಿಕೊಳ್ಳುವುದಕ್ಕೆ ಕಾನೂನಿನ ರೂಪ ಕೊಟ್ಟಿತು. ಅಗ್ರಿತುರಿಸ್ಮೊ ಎಂಬ ಆ ಹೆಸರು ಈಗ ಇಟಲಿಯ ಹಳ್ಳಿಹಳ್ಳಿಯಲ್ಲಿದೆ. ಅದೇ ವರ್ಷದ ಜನವರಿಯ ಭೀಕರ ಹಿಮಕ್ಕೆ ಟಸ್ಕನಿಯ ಆಲಿವ್ ಮರಗಳು ಲಕ್ಷಗಟ್ಟಲೆ ಸತ್ತಿದ್ದವು; ಬುಡದಿಂದ ಮತ್ತೆ ಚಿಗುರೊಡೆದು ಬೆಳೆದ, ಒಂದೇ ಬುಡಕ್ಕೆ ಮೂರು ನಾಲ್ಕು ಕಾಂಡವಿರುವ ಮರಗಳು ಆ ವರ್ಷದ ಗುರುತಾಗಿ ನಿಂತಿವೆ. 1993ರಲ್ಲಿ ಆರಂಭವಾದ ವೈನ್ ಪ್ರವಾಸೋದ್ಯಮ ಚಳವಳಿ, ಬಾಗಿಲು ಮುಚ್ಚಿಕೊಂಡಿದ್ದ ನೆಲಮಾಳಿಗೆಗಳನ್ನು ಸಾರ್ವಜನಿಕರಿಗೆ ತೆರೆಯುವ ಹಬ್ಬವನ್ನು ದೇಶವಿಡೀ ಬೆಳೆಸಿತು. 2019ರ ಆದೇಶವೊಂದು ತೋಟದಲ್ಲಿ ರುಚಿ ತೋರಿಸುವವರಿಗೆ ಪಾತ್ರೆ, ತಿಂಡಿ, ತರಬೇತಿ ಹೇಗಿರಬೇಕು ಎಂಬ ಮಟ್ಟವನ್ನು ಗೊತ್ತುಮಾಡಿತು. ನಮ್ಮನ್ನು ಕರೆದೊಯ್ಯುವ ಆ ಸಣ್ಣ ವ್ಯಾನು ಹೀಗೆ ಒಂದು ವಲಸೆಯ ಚರಿತ್ರೆಯ ಇತ್ತೀಚಿನ ಅಧ್ಯಾಯ.

ಬಟ್ಟಲು ಕೈಗೆ ಬಂದಾಗ

ರುಚಿ ನೋಡುವ ಮೇಜಿನ ಮೇಲೆ ಸಾಮಾನ್ಯವಾಗಿ ಮೂರು ನಾಲ್ಕು ಬಗೆಯ ವೈನ್, ಒಂದೊಂದೂ ಎರಡು ಮೂರು ಗುಟುಕಿನಷ್ಟು. ಹಗುರದ್ದರಿಂದ ಶುರುಮಾಡಿ ಗಾಢವಾದದ್ದಕ್ಕೆ ಹೋಗುತ್ತಾರೆ. ಬಟ್ಟಲನ್ನು ಬಿಳಿ ಬಟ್ಟೆಯ ಎದುರು ಓರೆ ಹಿಡಿದು ಬಣ್ಣ ನೋಡಿ; ಸಾಂಜೊವೇಸೆ ಮಾಣಿಕ್ಯದ ಕೆಂಪು, ವಯಸ್ಸಾದಂತೆ ಅಂಚಿನಲ್ಲಿ ಇಟ್ಟಿಗೆಯ ಬಣ್ಣ. ಮೆಲ್ಲಗೆ ತಿರುಗಿಸಿ ಮೂಗಿಗೆ ಹಿಡಿಯಿರಿ. ಹುಳಿ ಚೆರ್ರಿ, ಕಾಡುಹೂವು, ಕೆಲವೊಮ್ಮೆ ಒಣ ಸೊಪ್ಪಿನ ವಾಸನೆ. ಬಾಯಿಗಿಟ್ಟರೆ ಮೊದಲು ಹುಳಿ ಬಂದು ಬಾಯಲ್ಲಿ ನೀರೂರುತ್ತದೆ. ಬಳಿಕ ನೇರಳೆ ಹಣ್ಣು ತಿಂದಾಗ ನಾಲಿಗೆ ಹಿಡಿಯುವಂಥ ಒಗರು. ಹುಳಿಯೂ ಒಗರೂ ಇರುವುದರಿಂದ ಈ ವೈನ್‌ಗೆ ಎಣ್ಣೆ, ಉಪ್ಪು, ಕೊಬ್ಬಿನ ತಿನಿಸು ಒಡನಾಡಿ.

ಉಪ್ಪಿಲ್ಲದ ಟಸ್ಕನಿಯ ಬ್ರೆಡ್ ಮೊದಲ ತುತ್ತಿಗೆ ಸಪ್ಪೆ ಎನ್ನಿಸುತ್ತದೆ. ಅದನ್ನು ಸುಟ್ಟು, ಬೆಳ್ಳುಳ್ಳಿ ಉಜ್ಜಿ, ಹೊಸ ಆಲಿವ್ ಎಣ್ಣೆ ಸುರಿದು ತಿಂದಾಗ ಆ ಸಪ್ಪೆಯ ಅರ್ಥವಾಗುತ್ತದೆ. ಕುರಿ ಹಾಲಿನ ಪೆಕೊರೀನೊ ಚೀಸ್ ಅದರ ಜೊತೆ ಬರುತ್ತದೆ. ಸಸ್ಯಾಹಾರಿಗಳಿಗೂ ತಿನಿಸುಗಳಿವೆ. ಬ್ರೆಡ್ಡು ಟೊಮೆಟೊ ಬೇಯಿಸಿದ ಪಾಪ್ಪಾ ಅಲ್ ಪೊಮೊದೋರೊ, ಬೀನ್ಸ್ ಕಾಳು ಮತ್ತು ಕಪ್ಪು ಎಲೆಕೋಸಿನ ರಿಬೊಲ್ಲೀತಾ ಇವೆಲ್ಲ ಬಡ ಒಕ್ಕಲು ಮನೆಗಳ ಅಡುಗೆಗಳೇ. ಕಾಯ್ದಿರಿಸುವಾಗಲೇ ಮಾಂಸ, ಮೊಟ್ಟೆ ಬೇಡವೆಂದು ಬರೆದು ತಿಳಿಸಿ. ಗುಟುಕನ್ನು ನುಂಗದೆ ಉಗುಳಲು ಮೇಜಿನ ಮೇಲೆಯೇ ಪಾತ್ರೆಯಿರುತ್ತದೆ. ವೈನ್ ಬಲ್ಲವರೇ ಅದನ್ನು ಹೆಚ್ಚು ಬಳಸುತ್ತಾರೆ, ಸಂಕೋಚ ಬೇಡ. ಕುಡಿಯದವರಿಗೆ ಎಣ್ಣೆ, ಚೀಸ್ ರುಚಿ ನೋಡುವ ಏರ್ಪಾಟು ಹಲವು ತೋಟಗಳಲ್ಲಿದೆ.

ಹೊರಡುವ ಮುನ್ನ

ಅರ್ಧ ದಿನದಲ್ಲಿ ಮೂರು ನಾಲ್ಕು ತೋಟ ತೋರಿಸುತ್ತೇವೆ ಎನ್ನುವ ಪ್ರವಾಸಕ್ಕಿಂತ ಒಂದು ಹಳ್ಳಿ, ಎರಡು ತೋಟ ಎನ್ನುವುದನ್ನೇ ಆರಿಸಿ. ಎರಡರಲ್ಲಿ ಒಂದು ಕುಟುಂಬವೇ ನಡೆಸುವ ಸಣ್ಣ ತೋಟವಾಗಿದ್ದರೆ ಇನ್ನೂ ಒಳ್ಳೆಯದು. ತೋಟದೊಳಗೆ ನಡೆಸಿಕೊಂಡು ಹೋಗುತ್ತಾರೋ, ನೇರ ಮೇಜಿಗೆ ಕೂರಿಸುತ್ತಾರೋ ಎಂದು ಮೊದಲೇ ಕೇಳಿ. ಮೇ, ಜೂನ್‌ನಲ್ಲಿ ಬೆಟ್ಟ ಹಸಿರು. ಸೆಪ್ಟೆಂಬರ್ ಕೊನೆಯಲ್ಲಿ ಕೊಯ್ಲು, ಹುದುಗಿನ ವಾಸನೆ. ನವೆಂಬರ್‌ನಲ್ಲಿ ಹೊಸ ಆಲಿವ್ ಎಣ್ಣೆ. ಜುಲೈ, ಆಗಸ್ಟ್‌ನ ಬಿಸಿಲಿಗೆ ಬೆಳಗಿನ ಹೊತ್ತೇ ವಾಸಿ.

ಕಾರು ಬಾಡಿಗೆಗೆ ಹಿಡಿದು ನೀವೇ ಓಡಿಸುವ ಯೋಚನೆಯಿದ್ದರೆ ಎರಡು ಸಲ ಯೋಚಿಸಿ. ಇಟಲಿಯಲ್ಲಿ ಚಾಲಕರ ರಕ್ತದಲ್ಲಿ ಮದ್ಯಸಾರದ ಮಿತಿ ಲೀಟರಿಗೆ 0.5 ಗ್ರಾಂ. ಫ್ಲಾರೆನ್ಸ್‌ನ ಹಳೆಯ ನಗರಕ್ಕೆ ಅನುಮತಿಯಿಲ್ಲದ ವಾಹನ ನುಗ್ಗಿದರೆ ಕ್ಯಾಮೆರಾ ಹಿಡಿದು ದಂಡದ ಚೀಟಿ ಮನೆಗೆ ಬರುತ್ತದೆ. ಭಾರತೀಯರಿಗೆ ಅಂತರರಾಷ್ಟ್ರೀಯ ಚಾಲನಾ ಪರವಾನಗಿಯೂ ಬೇಕು. ರುಚಿ ನೋಡುವವರಿಗೆ ವ್ಯಾನೇ ಕ್ಷೇಮ. ನಡೆಯಲು ಮೆಟ್ಟು ಗಟ್ಟಿಯಿರಲಿ, ನೆಲಮಾಳಿಗೆಯ ತಣ್ಪಿಗೆ ಒಂದು ಅಂಗಿ ಹೆಚ್ಚಿಗಿರಲಿ. ಭಾರತಕ್ಕೆ ಮರಳುವಾಗ ಒಬ್ಬ ವಯಸ್ಕರಿಗೆ ಸುಂಕವಿಲ್ಲದೆ ತರಲು ಅವಕಾಶವಿರುವುದು ಎರಡು ಲೀಟರ್ ಮಾತ್ರ.

ಕೇಳಬೇಕಾದ ಪ್ರಶ್ನೆಗಳು

ಸಾಂಜೊವೇಸೆ ಈಗ ನಮಗೂ ತೀರ ಹೊರಗಿನದಲ್ಲ. ಹಂಪಿಯ ಬೆಟ್ಟಗಳ ಸೀಮೆಯ ತೋಟವೊಂದು ಅದನ್ನು ಬೆಳೆದು ವೈನ್ ಮಾಡುತ್ತಿದೆ. ವಿಜಯಪುರಕ್ಕೆ ನೆರೆಯ ಸೋಲಾಪುರ ಜಿಲ್ಲೆಯ ಅಕ್ಲೂಜ್‌ನಲ್ಲಿ ಟಸ್ಕನಿಯ ಪಾಲುದಾರರೊಡನೆ ಶುರುವಾದ ಫ್ರತೆಲ್ಲಿ ತೋಟದಲ್ಲಿಯೂ ಅದು ಇದೆ. ನಂದಿ ಬೆಟ್ಟದ ತಪ್ಪಲಿನಲ್ಲಿ ವೈನ್ ದ್ರಾಕ್ಷಿ ನೆಟ್ಟು ದಶಕಗಳೇ ಆದವು; 2007ರಲ್ಲಿ ಕರ್ನಾಟಕ ತನ್ನದೇ ದ್ರಾಕ್ಷಾರಸ ನೀತಿ ತಂದು ಅದಕ್ಕೆಂದೇ ಮಂಡಳಿ ರಚಿಸಿತು. ನಂದಿ ಕಣಿವೆಗೂ ಕೃಷ್ಣಾ ಕಣಿವೆಗೂ ವಾರಾಂತ್ಯದಲ್ಲಿ ವೈನ್ ಪ್ರವಾಸ ಹೊರಡುವವರು ಹೆಚ್ಚುತ್ತಿದ್ದಾರೆ. ಕಿಯಾಂಟಿಯಿಂದ ನಾವು ಕಲಿಯಬೇಕಾದದ್ದು ಮೇಜು ಸಿಂಗರಿಸುವುದನ್ನಲ್ಲ. ದ್ರಾಕ್ಷಿ ಬೆಳೆದವರ ಹೆಸರು, ಊರು, ಮಣ್ಣು ಬಾಟಲಿಯ ಜೊತೆಗೇ ಅತಿಥಿಗೆ ತಲುಪಬೇಕು ಎಂಬ ಪಾಠವನ್ನು.

ಆದ್ದರಿಂದ ಕಿಯಾಂಟಿಗೆ ಹೋದರೂ, ನಂದಿಯ ತಪ್ಪಲಿಗೆ ಹೋದರೂ, ಬಟ್ಟಲು ಎತ್ತುವ ಮುನ್ನ ಮೂರು ಪ್ರಶ್ನೆ ಕೇಳಿ. ಈ ನೆಲವನ್ನು ಮೊದಲು ಯಾರು ಉಳುತ್ತಿದ್ದರು? ಈ ಬಳ್ಳಿ ನೆಡುವ ಮೊದಲು ಇಲ್ಲಿ ಏನು ಬೆಳೆಯುತ್ತಿತ್ತು? ಈಗ ಗೊಂಚಲು ಕೊಯ್ಯುವ ಕೈಗಳು ಯಾರವು? ಮೂರನೆಯ ಪ್ರಶ್ನೆ ನಮಗೆ ಇನ್ನಷ್ಟು ಹತ್ತಿರದ್ದು. ಇಂದು ಇಟಲಿಯ ಹೊಲಗಳಲ್ಲಿ ದುಡಿಯುವವರಲ್ಲಿ ಹೊರದೇಶಗಳಿಂದ ಬಂದವರ ಪಾಲು ದೊಡ್ಡದು; ಲಾತ್ಸಿಯೊದ ತರಕಾರಿ ಹೊಲಗಳಲ್ಲಿ, ಪೋ ಕಣಿವೆಯ ಹಾಲಿನ ಕೊಟ್ಟಿಗೆಗಳಲ್ಲಿ ಪಂಜಾಬಿನಿಂದ ಹೋದವರು ಬಹಳ. ಒಳ್ಳೆಯ ಮಾರ್ಗದರ್ಶಿ ಈ ಪ್ರಶ್ನೆಗಳಿಂದ ಹಿಂಜರಿಯುವುದಿಲ್ಲ. ಅವುಗಳಿಗೆ ಬಿಚ್ಚುಮನಸ್ಸಿನ ಉತ್ತರ ಕೊಡುವ ತೋಟವೇ ನಿಮ್ಮ ಅರ್ಧ ದಿನಕ್ಕೂ ನಿಮ್ಮ ಹಣಕ್ಕೂ ಯೋಗ್ಯ.